ಚಾಲಕ ಪ್ರೋಟೀನ್ ಪ್ರತಿಬಂಧಕಗಳು

ಎಟಿಪಿ ಅಣುವಿನ ರಾಸಾಯನಿಕ ಶಕ್ತಿಯನ್ನು ಚಲನೆಯಾಗಿ ಮಾರ್ಪಡಿಸಿ ಜೀವಕೋಶದಲ್ಲಿ ಸಾಗಣೆ, ಸಂಕೋಚನ ಮತ್ತು ವಿಭಜನೆಗಳನ್ನು ನಡೆಸುವ ಚಾಲಕ ಪ್ರೋಟೀನುಗಳ ಕಾರ್ಯವನ್ನು ತಡೆಯುವ, ಕಡಿಮೆ ಅಣುತೂಕದ ಸಂಯುಕ್ತಗಳು. ತಡೆಗೊಳಗಾಗುವ ಪ್ರೋಟೀನಿಗೆ ಅನುಗುಣವಾಗಿ ಇವುಗಳಲ್ಲಿ ಮೂರು ಮುಖ್ಯ ವರ್ಗಗಳಿವೆ: ಆಕ್ಟಿನ್ ಎಳೆಗಳ ಮೇಲೆ ಕೆಲಸ ಮಾಡುವ ಮಯೋಸಿನ್‌ಗಳ ಪ್ರತಿಬಂಧಕಗಳು, ಹಾಗೂ ಸೂಕ್ಷ್ಮನಾಳಿಕೆಗಳೆಂಬ ಟೊಳ್ಳು ತಂತುಗಳ ಮೇಲೆ ಚಲಿಸುವ ಕೈನೆಸಿನ್ ಮತ್ತು ಡೈನೀನ್‌ಗಳ ಪ್ರತಿಬಂಧಕಗಳು.

1999ರಲ್ಲಿ ವರದಿಯಾದ ಮೊನಾಸ್ಟ್ರೋಲ್, ಇಜಿ5 ಎಂಬ ಕೈನೆಸಿನ್ ಅನ್ನು ತಡೆದು, ವರ್ಣತಂತುಗಳನ್ನು ಬೇರ್ಪಡಿಸುವ ಕದಿರು ಎರಡು ಧ್ರುವಗಳಾಗಿ ಬೆಳೆಯದಂತೆ ಮಾಡುತ್ತದೆ. ಕಾಲ್ಚಿಸಿನ್ ಎಂಬ ಸಂಯುಕ್ತದಂತೆ ಸೂಕ್ಷ್ಮನಾಳಿಕೆಗಳನ್ನೇ ಕೆಡಿಸದಿರುವುದು ಇದರ ವೈಶಿಷ್ಟ್ಯ. 2003ರಲ್ಲಿ ವರದಿಯಾದ ಬ್ಲೆಬಿಸ್ಟಾಟಿನ್ ಮಯೋಸಿನ್‌-2 ಅನ್ನು ತಡೆಯುತ್ತದೆಯಾದರೂ ನೀಲಿ ಬೆಳಕಿನಲ್ಲಿ ನಿಷ್ಕ್ರಿಯಗೊಳ್ಳುವುದರಿಂದ ಸೂಕ್ಷ್ಮದರ್ಶಕದ ಪ್ರಯೋಗಗಳಲ್ಲಿ ಎಚ್ಚರಿಕೆ ಅಗತ್ಯ. ಸಿಲಿಯೋಬ್ರೆವಿನ್‌ಗಳು (2012) ಡೈನೀನ್‌ಗಳ ಪ್ರತಿಬಂಧಕಗಳು.

ಜೀನ್‌ಗಳನ್ನು ಮಾರ್ಪಡಿಸುವ ವಿಧಾನಗಳಿಗೆ ದಿನಗಳು ಬೇಕಾದರೆ, ಈ ಪ್ರತಿಬಂಧಕಗಳು ನಿಮಿಷಗಳಲ್ಲಿ ಪರಿಣಾಮ ಬೀರುವುದರಿಂದಲೂ, ಹಲವನ್ನು ತೊಳೆದು ತೆಗೆದರೆ ಕಾರ್ಯ ಮರಳುವುದರಿಂದಲೂ, ಕ್ಷಿಪ್ರ ಜೀವಕೋಶ ಕ್ರಿಯೆಗಳ ಅಧ್ಯಯನಕ್ಕೆ ಅತ್ಯುಪಯುಕ್ತವಾಗಿವೆ. ಆದರೆ ಇತರ ಪ್ರೋಟೀನುಗಳ ಮೇಲಿನ ಅನಪೇಕ್ಷಿತ ಪರಿಣಾಮವನ್ನು ಪರೀಕ್ಷಿಸಿಕೊಳ್ಳಬೇಕಾಗುತ್ತದೆ. ಹೃದಯದ ಮಯೋಸಿನ್‌ನ ಪ್ರತಿಬಂಧಕವಾದ ಮಾವಾಕ್ಯಾಮ್ಟೆನ್, ಹೃದಯಸ್ನಾಯು ದಪ್ಪಗಾಗಿ ರಕ್ತದ ಹರಿವಿಗೆ ಅಡ್ಡಿಯಾಗುವ ಕಾಯಿಲೆಗೆ ಔಷಧವಾಗಿ 2022ರಲ್ಲಿ ಅಮೆರಿಕದಲ್ಲಿ ಮಾನ್ಯತೆ ಪಡೆಯಿತು. ಕರ್ನಾಟಕದಲ್ಲಿ ಚಾಲಕ ಪ್ರೋಟೀನುಗಳ ಸಂಶೋಧನೆ ಬೆಂಗಳೂರಿನ ರಾಷ್ಟ್ರೀಯ ಜೈವಿಕ ವಿಜ್ಞಾನಗಳ ಕೇಂದ್ರ ಮತ್ತು ಇನ್‌ಸ್ಟೆಮ್ ಸಂಸ್ಥೆಗಳಲ್ಲಿ ನಡೆದಿದೆ.