ಮೇಲ್ಮನವಿಯ ಅವಧಿಯಲ್ಲಿ ದಂಡದ ವಸೂಲಿ: 1968ರ ಒಂದು ತೀರ್ಪು

ಆದಾಯ ತೆರಿಗೆಯ ಮೇಲ್ಮನವಿ ನ್ಯಾಯಮಂಡಲಿಯು ಸ್ಥಾಪಿತವಾದದ್ದು 1941ರ ಜನವರಿ 25ರಂದು. ಆರಂಭದಲ್ಲಿ ದಿಲ್ಲಿ, ಮುಂಬಯಿ, ಕಲಕತ್ತೆಗಳಲ್ಲಿ ಅದರ ಪೀಠಗಳಿದ್ದುವು. ಇಲಾಖೆಯವರು ಇತ್ತ ನಿರ್ಣಯವನ್ನು ಇಲಾಖೆಗೆ ಹೊರಗಾದವರು ಪರಾಮರ್ಶಿಸಬೇಕೆಂಬುದೇ ಅದರ ಉದ್ದೇಶ. ಆದರೆ ಮೇಲ್ಮನವಿ ಇತ್ಯರ್ಥವಾಗುವವರೆಗೆ ವಸೂಲಿಯನ್ನು ತಡೆಹಿಡಿಯುವ ಅಧಿಕಾರ ಅದಕ್ಕುಂಟೆ? ಈ ವಿಷಯದಲ್ಲಿ ಕಾಯಿದೆ ಏನನ್ನೂ ಹೇಳಿರಲಿಲ್ಲ.

ಈ ಮೌನ ಸಾಮಾನ್ಯವಾದುದಲ್ಲ. 1961ರ ಕಾಯಿದೆಯ 226ನೆಯ ಕಲಮಿನಂತೆ ಅಧಿಕಾರಿಯು ಬ್ಯಾಂಕಿಗೆ ನೋಟೀಸು ಕಳುಹಿಸಿ, ಕರದಾತನ ಖಾತೆಯಲ್ಲಿದ್ದ ಹಣವನ್ನು ನೇರವಾಗಿ ತರಿಸಿಕೊಳ್ಳಬಹುದಾಗಿತ್ತು. ವ್ಯಾಪಾರಿಯ ದುಡಿಯುವ ಬಂಡವಾಳವೆಲ್ಲ ಹೀಗೆ ಹೋದ ಬಳಿಕ, ವರ್ಷಗಳು ಕಳೆದು ಮೇಲ್ಮನವಿಯಲ್ಲಿ ಗೆಲುವು ದೊರೆತರೂ ಆ ಗೆಲುವಿನಿಂದ ಅಂಗಡಿಯ ಬಾಗಿಲು ಮತ್ತೆ ತೆರೆಯುವುದಿಲ್ಲ. ಮೊದಲ ಮೇಲ್ಮನವಿಯ ಕಾಲಕ್ಕಾದರೋ 220ನೆಯ ಕಲಮಿನ 6ನೆಯ ಉಪಕಲಮು ಇತ್ತು. ತನ್ನ ವಿವೇಚನೆಯಂತೆ ಕರದಾತನನ್ನು ಬಾಕಿದಾರನೆಂದು ಪರಿಗಣಿಸದಿರಲು ಅಧಿಕಾರಿಗೆ ಅದು ಅವಕಾಶವಿತ್ತಿತ್ತು. ಎರಡನೆಯ ಮೇಲ್ಮನವಿಯ ಹಂತಕ್ಕೆ ಅಂಥ ವಿಧಿಯೇ ಇರಲಿಲ್ಲ.

ಕಣ್ಣೂರಿನ ಕರದಾತನೊಬ್ಬನ ಮೇಲೆ ದಂಡ ವಿಧಿಸಲ್ಪಟ್ಟಾಗ ಈ ಪ್ರಶ್ನೆ ನೇರವಾಗಿ ಎದುರಾಯಿತು. ಆತನು ನ್ಯಾಯಮಂಡಲಿಗೆ ಮೇಲ್ಮನವಿ ಸಲ್ಲಿಸಿ, ವಸೂಲಿಗೆ ತಡೆಯನ್ನು ಬೇಡಿದನು. ತನಗೆ ಆ ಅಧಿಕಾರವಿಲ್ಲವೆಂದು ನ್ಯಾಯಮಂಡಲಿ ಕೈಚೆಲ್ಲಿತು. ಕೇರಳದ ಉಚ್ಚ ನ್ಯಾಯಾಲಯವು ಅಧಿಕಾರವುಂಟೆಂದು ಹೇಳಿತು. ಇಲಾಖೆ ಸರ್ವೋಚ್ಚ ನ್ಯಾಯಾಲಯದ ಮೆಟ್ಟಿಲೇರಿತು.

ಇಲಾಖೆಯ ವಾದ ಹುರುಳಿಲ್ಲದ್ದೇನೂ ಆಗಿರಲಿಲ್ಲ: ಶಾಸನವು ಒಂದೆಡೆ ಸ್ಪಷ್ಟವಾಗಿ ಕೊಟ್ಟು ಇನ್ನೊಂದೆಡೆ ಸುಮ್ಮನಿದ್ದರೆ, ಅಲ್ಲಿ ಕೊಡುವ ಇಚ್ಛೆ ಅದಕ್ಕಿಲ್ಲವೆಂದೇ ತಿಳಿಯಬೇಕಲ್ಲವೆ? ನ್ಯಾಯಮೂರ್ತಿ ಗ್ರೋವರ್ ಅವರು 1968ರ ಸೆಪ್ಟೆಂಬರಿನಲ್ಲಿ ಬರೆದ ತೀರ್ಪು ಇದನ್ನು ಒಪ್ಪಲಿಲ್ಲ. ಮೇಲ್ಮನವಿಯ ಮೇಲೆ ತಕ್ಕ ಆಜ್ಞೆ ಮಾಡುವ ವಿಶಾಲ ಅಧಿಕಾರವನ್ನು 254ನೆಯ ಕಲಮು ಕೊಟ್ಟಿದೆ. ಆ ಅಧಿಕಾರವನ್ನು ಸಾರ್ಥಕಗೊಳಿಸುವ ಆನುಷಂಗಿಕ ಅಧಿಕಾರವೂ ಅದರೊಡನೆಯೇ ಬರುತ್ತದೆ ಎಂಬುದು ಅವರ ನಿಲುವು. ಆದರೆ ತಡೆಯಾಜ್ಞೆಯನ್ನು ವಾಡಿಕೆಯಂತೆ ಕೊಡತಕ್ಕದ್ದಲ್ಲ. ಮೇಲ್ನೋಟಕ್ಕೆ ಬಲವಾದ ಪಕ್ಷವಿರಬೇಕು, ವಸೂಲಿಯಿಂದ ಮೇಲ್ಮನವಿಯೇ ನಿರರ್ಥಕವಾಗುವಂತಿರಬೇಕು. ತೀರ್ಪಿನ ನಿಜವಾದ ತೂಕವಿರುವುದು ಈ ಎಚ್ಚರಿಕೆಯಲ್ಲಿಯೇ. ಅದಿಲ್ಲದಿದ್ದರೆ ಖಜಾನೆಗೆ ಬರತಕ್ಕ ಹಣವೆಲ್ಲ ಮೇಲ್ಮನವಿಗಳ ಕಡತಗಳಲ್ಲಿ ಸಿಕ್ಕಿಕೊಳ್ಳುತ್ತಿತ್ತು.

ನ್ಯಾಯಾಲಯ ಕೊಟ್ಟುದಕ್ಕೆ ಸಂಸತ್ತು ಬಹುಕಾಲದ ಮೇಲೆ ಬೇಲಿ ಹಾಕತೊಡಗಿತು. 2001ರಲ್ಲಿ ತಡೆಯಾಜ್ಞೆಗೆ 180 ದಿನಗಳ ಮಿತಿ ಬಂದಿತು; 2007ರಲ್ಲಿ, ವಿಸ್ತರಣೆ ಸೇರಿ ಒಟ್ಟು 365 ದಿನ. ವಿಳಂಬಕ್ಕೆ ಕರದಾತನು ಕಾರಣನಲ್ಲದಿದ್ದರೂ ಆ ಬಳಿಕ ತಡೆ ತಾನಾಗಿ ರದ್ದಾಗುವುದೆಂದು 2008ರಲ್ಲಿ ಸೇರಿಸಿದುದು ವಿಚಿತ್ರವೇ ಸರಿ: ಪೀಠದ ಮುಂದೆ ಸರದಿ ಬಾರದಿದ್ದರೆ ಆತನೇನು ಮಾಡಬಲ್ಲನು? 2020ರಲ್ಲಿ ಬಾಕಿಯ ಶೇಕಡಾ 20ರಷ್ಟನ್ನಾದರೂ ಕಟ್ಟಬೇಕು, ಇಲ್ಲವೆ ಅಷ್ಟಕ್ಕೆ ಭದ್ರತೆ ಒದಗಿಸಬೇಕು ಎಂಬ ನಿಬಂಧನೆಯೂ ಕೂಡಿಕೊಂಡಿತು. 2008ರ ಆ ಮಾತುಗಳನ್ನು ಸರ್ವೋಚ್ಚ ನ್ಯಾಯಾಲಯವು 2021ರ ಏಪ್ರಿಲ್ 6ರಂದು ಸಂವಿಧಾನದ 14ನೆಯ ಅನುಚ್ಛೇದಕ್ಕೆ ವಿರುದ್ಧವೆಂದು ಸಾರಿತು. ವಿಳಂಬವು ಕರದಾತನಿಂದಲೇ ಉಂಟಾಗಿದ್ದರೆ ಮಾತ್ರ ತಡೆ ಬಿದ್ದುಹೋಗುವುದೆಂದು ನಿರ್ಣಯಿಸಿತು.