ಮೂಕಚಿತ್ರಗಳ ಕಾಲದ ಶಾಂತಾರಾಮರು

ಭಾರತೀಯ ಚಲಚ್ಚಿತ್ರಗಳ ಚರಿತ್ರೆಯಲ್ಲಿ ವಿ. ಶಾಂತಾರಾಮರ ಹೆಸರನ್ನು ವಾಕ್ಚಿತ್ರಗಳೊಡನೆ ಹೇಳುವುದು ವಾಡಿಕೆ. 1932ರ ‘ಅಯೋಧ್ಯೇಚಾ ರಾಜಾ’, 1937ರ ‘ಕುಂಕೂ’, 1957ರ ‘ದೋ ಆಂಖೇ ಬಾರಹ್ ಹಾಥ್’ ಇವೇ ಅವರ ಕೀರ್ತಿಗೆ ಆಧಾರಗಳೆಂದು ಎಣಿಸಲಾಗುತ್ತದೆ. ಇವುಗಳ ಹಿಂದೆ 1920 ಮೊದಲ್ಗೊಂಡು 1931ರ ವರೆಗಿನ ಕಾಲವೊಂದಿದೆ. ಆ ಅವಧಿಯಲ್ಲಿ ಅವರು ನಟರಾಗಿದ್ದರು, ಅನಂತರ ನಿರ್ದೇಶಕರಾದರು. ಆ ಚಿತ್ರಗಳಲ್ಲಿ ಬಹುಭಾಗ ನಷ್ಟವಾಗಿ ಹೋಗಿರುವುದರಿಂದ ಈ ಕಾಲವನ್ನು ಪೀಠಿಕೆಯೆಂದು ಭಾವಿಸಿ ಬೇಗನೆ ದಾಟಿ ಹೋಗುವುದುಂಟು. ಆದರೆ ನಿರ್ದೇಶಕನಾಗಿ ಅವರು ಪಡೆದ ದೃಷ್ಟಿ ಸಿದ್ಧವಾದುದು ಈ ಹನ್ನೆರಡು ವರ್ಷಗಳಲ್ಲಿಯೇ ಎಂಬುದನ್ನು ಲಭ್ಯವಿರುವ ಸಂಗತಿಗಳಿಂದ ತೋರಿಸಬಹುದಾಗಿದೆ.

ಶಾಂತಾರಾಮ ರಾಜಾರಾಮ ವಣಕುದ್ರೆಯವರು 1901ನೆಯ ನವೆಂಬರ್ 18ರಂದು ಕೊಲ್ಹಾಪುರದಲ್ಲಿ ಜನಿಸಿದರು. ಹುಡುಗತನದಲ್ಲಿ ಕೆಲಕಾಲ ಗಂಧರ್ವ ನಾಟಕ ಮಂಡಳಿಯಲ್ಲಿದ್ದು, ಪರದೆ ಎಳೆಯುವುದೇ ಮೊದಲಾದ ಸಣ್ಣ ಕೆಲಸಗಳನ್ನು ಮಾಡಿದರು. 1913ರಲ್ಲಿ ಬಾಲಗಂಧರ್ವ, ಗೋವಿಂದರಾವ್ ಟೇಂಬೆ, ಗಣಪತರಾವ್ ಬೋಡಸ ಇವರು ಸ್ಥಾಪಿಸಿದ ಈ ಮಂಡಳಿಗೆ ಸಂಗೀತವೇ ಜೀವಾಳವಾಗಿತ್ತು. ಪ್ರೇಕ್ಷಕರು ನಾಟಕವನ್ನು ನೋಡುವುದಕ್ಕಿಂತ ಹೆಚ್ಚಾಗಿ ಕೇಳಲೆಂದೇ ಬರುತ್ತಿದ್ದರು. ತರುವಾಯ ಅವರ ಕುಟುಂಬವು ಹುಬ್ಬಳ್ಳಿಗೆ ಬಂದಿತು. ಅಲ್ಲಿ ಶಾಂತಾರಾಮರು ಹಗಲು ರೈಲ್ವೆ ಕಾರ್ಖಾನೆಯಲ್ಲಿ ದುಡಿದು, ಸಂಜೆ ಚಲಚ್ಚಿತ್ರ ಮಂದಿರವೊಂದರಲ್ಲಿ ಬಾಗಿಲು ಕಾಯುವ ಕೆಲಸ ಮಾಡಿದರು. ಹಗಲು ಯಂತ್ರ, ಸಂಜೆ ಚಿತ್ರ. ಮುಂದಿನ ವೃತ್ತಿಗೆ ಬೇಕಾದ ಎರಡೂ ಸಾಮಗ್ರಿಗಳ ಪರಿಚಯ ಅವರಿಗೆ ಆದುದು ಕನ್ನಡನಾಡಿನ ಆ ಊರಿನಲ್ಲಿ.

1920ರಲ್ಲಿ ಅವರು ಕೊಲ್ಹಾಪುರಕ್ಕೆ ಮರಳಿ, ಬಂಧುಗಳಾದ ಬಾಬುರಾವ್ ಪೆಂಢಾರಕರರ ಮೂಲಕ ಮಹಾರಾಷ್ಟ್ರ ಫಿಲ್ಮ್ ಕಂಪನಿಯನ್ನು ಸೇರಿದರು. ಅದರ ಒಡೆಯರು ಬಾಬುರಾವ್ ಪೇಂಟರರು (1890–1954). ಮನೆತನದ ಹೆಸರು ಮೇಸ್ತ್ರಿ. ‘ಪೇಂಟರ್’ ಎಂಬುದು ವೃತ್ತಿಯಿಂದ ಬಂದ ಹೆಸರು. ಅವರೂ ಅವರ ಬಂಧುವಾದ ಆನಂದರಾಯರೂ ನಾಟಕ ಮಂಡಳಿಗಳಿಗೆ ಪರದೆಗಳನ್ನು ಬರೆದು ಪ್ರಸಿದ್ಧರಾಗಿದ್ದವರು. ಫಾಲ್ಕೆಯವರು 1913ರಲ್ಲಿ ‘ರಾಜಾ ಹರಿಶ್ಚಂದ್ರ’ವನ್ನು ತೋರಿಸಿದ ಮೇಲೆ ಚಲಚ್ಚಿತ್ರದ ಹಂಬಲ ಹತ್ತಿ, ತಾವೇ ಕ್ಯಾಮೆರಾ ನಿರ್ಮಿಸಲು ತೊಡಗಿದರು. 1916ರಲ್ಲಿ ಆನಂದರಾಯರು ತೀರಿಕೊಂಡರು. ಆದರೂ ಬಾಬುರಾಯರು ಶಿಷ್ಯರ ನೆರವಿನಿಂದ 1918ರ ಹೊತ್ತಿಗೆ ಕ್ಯಾಮೆರಾವನ್ನು ಪೂರ್ತಿಗೊಳಿಸಿದರು. ಕಂಪನಿಯ ಮೊದಲ ಚಿತ್ರ ‘ಸೈರಂಧ್ರಿ’ 1920ರಲ್ಲಿ ಹೊರಬಂದಿತು.

ಇಲ್ಲಿ ಗಮನಿಸತಕ್ಕ ಅಂಶವೊಂದಿದೆ. ಸಂಗೀತ ನಾಟಕದಲ್ಲಿ ಗಾಯಕನೇ ಪ್ರಧಾನ. ಪರದೆ ಬರೆಯುವವನು ಹಿನ್ನೆಲೆಯವನು. ಮೂಕಚಿತ್ರದಲ್ಲಿ ಈ ಕ್ರಮ ತಲೆಕೆಳಗಾಯಿತು. ಕಂಠಕ್ಕೆ ಅಲ್ಲಿ ಸ್ಥಾನವೇ ಇರಲಿಲ್ಲ. ನೆರಳು ಬೆಳಕುಗಳ ಹೊಂದಿಕೆ, ಆಕೃತಿಗಳ ಜೋಡಣೆ, ಉಡಿಗೆ ತೊಡಿಗೆಗಳ ಔಚಿತ್ಯ ಇವೇ ಅರ್ಥವನ್ನು ಹೊರಬೇಕಾಯಿತು. ನಾಟಕಶಾಲೆಯಲ್ಲಿ ಹಿಂದೆ ನಿಂತಿದ್ದ ಚಿತ್ರಕಾರನು ಚಲಚ್ಚಿತ್ರದಲ್ಲಿ ಗುರುಸ್ಥಾನಕ್ಕೆ ಬಂದನು. ಗಂಧರ್ವ ಮಂಡಳಿಯಿಂದ ಪೇಂಟರರ ಕಂಪನಿಗೆ ಬಂದ ತರುಣ ಶಾಂತಾರಾಮರು ಕಿವಿಯ ಕಲೆಯಿಂದ ಕಣ್ಣಿನ ಕಲೆಗೆ ದಾಟಿದರು.

ಕಂಪನಿಯಲ್ಲಿ ಕೆಲಸಗಳ ವಿಭಾಗ ಕಟ್ಟುನಿಟ್ಟಾಗಿರಲಿಲ್ಲ. ವೇಷ ಹಾಕಿದವನೇ ಬಿಡುವಿನಲ್ಲಿ ಇತರ ಕೆಲಸಗಳಿಗೆ ಕೈ ಹಚ್ಚಬೇಕಾಗಿತ್ತು. 1921ರ ‘ಸುರೇಖಾ ಹರಣ’ದಲ್ಲಿ ಶಾಂತಾರಾಮರು ಮೊದಲು ನಟರಾಗಿ ಕಾಣಿಸಿಕೊಂಡರು. 1923ರ ‘ಸಿಂಹಗಡ’ದಲ್ಲಿ ಶೇಲಾರಮಾಮಾನ ಪಾತ್ರ ಅವರದಾಯಿತು. ಇವು ಪುರಾಣ ಇತಿಹಾಸಗಳ ಪಾತ್ರಗಳು. ಪ್ರೇಕ್ಷಕರಿಗೆ ಕಥೆ ಮೊದಲೇ ಗೊತ್ತು. 1925ರ ‘ಸಾವಕಾರಿ ಪಾಶ’ದ ಸ್ಥಿತಿ ಬೇರೆ. ನಾರಾಯಣ ಹರಿ ಆಪಟೆಯವರ ಕಥೆಯನ್ನು ಆಧರಿಸಿದ ಈ ಚಿತ್ರದಲ್ಲಿ, ಸಾಹುಕಾರನ ಕುಟಿಲತೆಯಿಂದ ಭೂಮಿ ಕಳೆದುಕೊಂಡು ಪಟ್ಟಣದ ಗಿರಣಿಗೆ ಕೂಲಿಯಾಗಿ ಹೋಗುವ ಯುವಕ ರೈತನ ಪಾತ್ರವನ್ನು ಅವರು ವಹಿಸಿದರು. ಕಿರೀಟವಿಲ್ಲ, ಆಯುಧವಿಲ್ಲ, ಪುರಾಣದ ಆಸರೆಯೂ ಇಲ್ಲ. ಸಮಕಾಲೀನ ಮನುಷ್ಯನೊಬ್ಬನ ಸಂಕಟವನ್ನು ಮಾತಿಲ್ಲದೆ ತಿಳಿಯಪಡಿಸುವ ಹೊಣೆ ನಟನ ಮೇಲೆ ಬಿದ್ದಿತು. ಮುಂದೆ ‘ಕುಂಕೂ’ ಮೊದಲಾದ ಸಾಮಾಜಿಕ ಚಿತ್ರಗಳನ್ನು ನಿರ್ಮಿಸಿದ ನಿರ್ದೇಶಕನಿಗೆ ಇದಕ್ಕಿಂತ ತಕ್ಕ ಪಾಠ ದೊರೆಯುವುದು ಕಷ್ಟ.

1927ರಲ್ಲಿ ಅದೇ ಕಂಪನಿಯ ‘ನೇತಾಜಿ ಪಾಲ್ಕರ್’ ಚಿತ್ರದಿಂದ ಶಾಂತಾರಾಮರು ನಿರ್ದೇಶಕರಾದರು. 1929ನೆಯ ಜೂನ್ 1ರಂದು ವಿಷ್ಣುಪಂತ ದಾಮಲೆ, ಶೇಖ್ ಫತ್ತೇಲಾಲ್, ಕೇಶವರಾವ್ ಧಾಯಬರ, ಸೀತಾರಾಮಪಂತ ಕುಲಕರ್ಣಿ ಇವರೊಡನೆ ಸೇರಿ ‘ಪ್ರಭಾತ’ ಸಂಸ್ಥೆಯನ್ನು ಕಟ್ಟಿದರು. ಗುರುವಿನ ಸಂಸ್ಥೆಯನ್ನು ಬಿಟ್ಟರೂ ಅಲ್ಲಿನ ವಿದ್ಯೆಯನ್ನು ಅವರು ಬಿಡಲಿಲ್ಲ. ದಾಮಲೆ ಫತ್ತೇಲಾಲರೂ ಪೇಂಟರರ ಶಿಷ್ಯರೇ ಆಗಿದ್ದುದರಿಂದ ಚಿತ್ರಕಾರನ ದೃಷ್ಟಿ ಹೊಸ ಸಂಸ್ಥೆಯಲ್ಲಿಯೂ ಉಳಿಯಿತು. ‘ಗೋಪಾಲ ಕೃಷ್ಣ’ದಿಂದ ಆರಂಭಿಸಿ ‘ಪ್ರಭಾತ’ವು 1931ರ ವರೆಗೆ ಮೂಕಚಿತ್ರಗಳನ್ನು ಹೊರತಂದಿತು.

ಇವುಗಳಲ್ಲಿ 1930ರ ‘ಉದಯಕಾಲ’ವು ವಿಶೇಷ ವಿಚಾರಕ್ಕೆ ಅರ್ಹವಾಗಿದೆ. ಇದನ್ನು ನಿರ್ದೇಶಿಸಿದ ಶಾಂತಾರಾಮರೇ ಶಿವಾಜಿಯ ಪಾತ್ರವನ್ನೂ ಧರಿಸಿದರು. ಚಿತ್ರಕ್ಕೆ ಮೊದಲು ‘ಸ್ವರಾಜ್ಯತೋರಣ’ ಎಂದು ಹೆಸರಿಡಲಾಗಿತ್ತು. ಉಪ್ಪಿನ ಸತ್ಯಾಗ್ರಹದ ಆ ವರ್ಷದಲ್ಲಿ ಸ್ವರಾಜ್ಯವೆಂಬ ಮಾತನ್ನು ಪರಿಶೋಧಕ ಮಂಡಳಿಯು ಸಹಿಸದುದರಿಂದ ಹೆಸರನ್ನು ಬದಲಿಸಬೇಕಾಯಿತು. ಮೂಕಚಿತ್ರಕ್ಕೆ ಇದ್ದ ಮಾತೆಂದರೆ ಹೆಸರು ಮತ್ತು ನಡುನಡುವೆ ಬರುವ ಬರೆಹ ಮಾತ್ರ. ಹೆಸರನ್ನು ತೆಗೆದರೂ ಕೋಟೆ, ಕುದುರೆ, ಖಡ್ಗಗಳು ತೆರೆಯ ಮೇಲೆ ಉಳಿದುವು. ಚಿತ್ರದ ಶಕ್ತಿ ಶಬ್ದದಲ್ಲಿಲ್ಲವೆಂಬುದಕ್ಕೆ ಸರಕಾರದ ಆಕ್ಷೇಪಣೆಯೇ ಸಾಕ್ಷಿಯಾಯಿತು.

1931ರ ಮಾರ್ಚಿಯಲ್ಲಿ ‘ಆಲಂ ಆರಾ’ ಬಂದು ಮೂಕಚಿತ್ರಗಳ ಕಾಲ ಮುಗಿಯುತ್ತ ಬಂದಿತು. ಮರುವರ್ಷ ಪ್ರಭಾತದ ಮೊದಲ ವಾಕ್ಚಿತ್ರವಾದ ‘ಅಯೋಧ್ಯೇಚಾ ರಾಜಾ’ದಲ್ಲಿ ಹರಿಶ್ಚಂದ್ರನಾಗಿ ಹಾಡಿದವರು, ಸಂಗೀತ ರಚಿಸಿದವರು, ಗಂಧರ್ವ ಮಂಡಳಿಯ ಸ್ಥಾಪಕರಲ್ಲೊಬ್ಬರಾದ ಗೋವಿಂದರಾವ್ ಟೇಂಬೆಯವರು. ಪರದೆ ಎಳೆದ ಹುಡುಗನು ನಿರ್ದೇಶಕನಾಗಿ ನಿಂತಿದ್ದನು; ಮಂಡಳಿಯ ಹಿರಿಯರು ಅವನ ಕ್ಯಾಮೆರಾದ ಮುಂದೆ ನಿಂತಿದ್ದರು. ಕಂಠವು ಮರಳಿ ಬಂದಿತ್ತು. ಆದರೆ ಬಂದುದು ಚಿತ್ರಕಾರನ ಶಿಷ್ಯರು ಸಿದ್ಧಪಡಿಸಿದ ಚೌಕಟ್ಟಿನೊಳಕ್ಕೆ.

ಈ ಕೊಲ್ಹಾಪುರದ ಪರಂಪರೆ ಕನ್ನಡಕ್ಕೂ ದೂರದ್ದಲ್ಲ. 1934ರಲ್ಲಿ ತೆರೆಕಂಡ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ದ ಚಿತ್ರೀಕರಣ ನಡೆದುದು ಕೊಲ್ಹಾಪುರದಲ್ಲಿ. ಅದರ ನಿರ್ದೇಶಕರಾದ ವೈ. ವಿ. ರಾಯರೂ ಮೂಕಚಿತ್ರಗಳಲ್ಲಿ ನಟರಾಗಿದ್ದು ನಿರ್ದೇಶಕರಾದವರು. ಆದುದರಿಂದ ಶಾಂತಾರಾಮರ ಪ್ರಾರಂಭದ ವರ್ಷಗಳನ್ನು ಒಬ್ಬ ವ್ಯಕ್ತಿಯ ಚರಿತ್ರೆಯೆಂದು ಮಾತ್ರ ಕಾಣಲಾಗದು. ರಂಗಭೂಮಿಯು ತನ್ನ ಕಂಠವನ್ನು ಒಮ್ಮೆ ಕಳೆದುಕೊಂಡು, ಕಣ್ಣನ್ನು ಪಡೆದು, ಮತ್ತೆ ಕಂಠದೊಡನೆ ಕೂಡಿಕೊಂಡ ಕ್ರಮಕ್ಕೆ ಅವು ನಿದರ್ಶನಗಳಾಗಿವೆ. ಸುರುಳಿಗಳು ನಷ್ಟವಾದರೂ ಆ ಕ್ರಮದ ಗುರುತುಗಳು ಉಳಿದುಬಂದ ವಾಕ್ಚಿತ್ರಗಳ ಒಂದೊಂದು ದೃಶ್ಯಯೋಜನೆಯಲ್ಲಿಯೂ ತೋರಿಬರುತ್ತವೆ.