ಸೀಮಾವಿವಾದದಲ್ಲಿ ಭೋಗಕಾಲದ ಪ್ರಶ್ನೆ

ನೆರೆಹೊರೆಯ ಹೊಲಗಳ ನಡುವಣ ಬದುವಿನ ವ್ಯಾಜ್ಯವು ಕೃಷಿಯಷ್ಟೇ ಹಳೆಯದು. ಮನುವು ವ್ಯವಹಾರದ ಹದಿನೆಂಟು ಪದಗಳಲ್ಲಿ ಸೀಮಾವಿವಾದಕ್ಕೆ ಪ್ರತ್ಯೇಕ ಸ್ಥಾನವನ್ನು ಕೊಟ್ಟಿರುವುದೇ ಇದಕ್ಕೆ ಸಾಕ್ಷಿ. ಒಬ್ಬನು ನೆರೆಯವನ ನೆಲವನ್ನು ಒತ್ತಿಕೊಂಡು ಬಹುಕಾಲ ಅನುಭವಿಸಿದರೆ ಆ ನೆಲವು ಅವನದಾಗುವುದೇ? ಈ ಒಂದು ಪ್ರಶ್ನೆಗೆ ಕನ್ನಡನಾಡಿನಲ್ಲಿ ಹುಟ್ಟಿದ ಮಿತಾಕ್ಷರೆಯು ಕೊಟ್ಟ ಉತ್ತರವನ್ನೂ ಇಂದಿನ ನ್ಯಾಯಾಲಯಗಳ ಉತ್ತರವನ್ನೂ ಹೋಲಿಸಿ ನೋಡುವುದು ನಮ್ಮ ಉದ್ದೇಶ.

ಮಿತಾಕ್ಷರೆಯು ಯಾಜ್ಞವಲ್ಕ್ಯಸ್ಮೃತಿಗೆ ವಿಜ್ಞಾನೇಶ್ವರನು ಬರೆದ ವ್ಯಾಖ್ಯಾನ. ಚಾಲುಕ್ಯ ಆರನೆಯ ವಿಕ್ರಮಾದಿತ್ಯನ (1076-1126) ಆಳ್ವಿಕೆಯಲ್ಲಿ ಕಲ್ಯಾಣದಲ್ಲಿ ಇದು ರಚಿತವಾಯಿತು. ಸೀಮೆಯು ಜನಪದ, ಗ್ರಾಮ, ಕ್ಷೇತ್ರ, ಗೃಹ ಎಂದು ನಾಲ್ಕು ಬಗೆಯೆಂದು ವಿಜ್ಞಾನೇಶ್ವರನು ಹೇಳುತ್ತಾನೆ. ಕ್ಷೇತ್ರದ ಸೀಮೆಯಲ್ಲಿ ವಿವಾದವೆದ್ದರೆ ನಿರ್ಣಯಿಸತಕ್ಕವರು ಸುತ್ತಣ ನೆಲದವರು, ವೃದ್ಧರು, ಗೋವಳರು, ಎಲ್ಲೆಯಂಚಿನಲ್ಲಿ ಉಳುವವರು ಮತ್ತು ಕಾಡಿನಲ್ಲಿ ಅಲೆಯುವವರು. ದಿಬ್ಬ, ಇದ್ದಿಲು, ಹೊಟ್ಟು, ಮರ, ಒಡ್ಡು, ಹುತ್ತ, ತಗ್ಗು, ಎಲುಬು ಮೊದಲಾದ ಗುರುತುಗಳನ್ನು ಹಿಡಿದು ಇವರು ಎಲ್ಲೆಯನ್ನು ತೋರಿಸಬೇಕು. ಗುರುತುಗಳಿಲ್ಲದಿದ್ದರೆ ನಾಲ್ವರೋ ಎಂಟು ಜನರೋ ಹತ್ತು ಜನರೋ ಕೆಂಪು ಮಾಲೆ, ಕೆಂಪು ಬಟ್ಟೆ ಧರಿಸಿ, ತಲೆಯ ಮೇಲೆ ಮಣ್ಣನ್ನು ಹೊತ್ತು ಎಲ್ಲೆಯುದ್ದಕ್ಕೂ ನಡೆಯಬೇಕು. ಸುಳ್ಳು ಹೇಳಿದವರಿಗೆ ದಂಡವುಂಟು. ಬಲ್ಲವರೂ ಇಲ್ಲ, ಗುರುತೂ ಇಲ್ಲ ಎಂಬಲ್ಲಿ ಮಾತ್ರ ಅರಸನೇ ಎಲ್ಲೆಯನ್ನು ಕಟ್ಟತಕ್ಕದ್ದು.

ಶಾಸ್ತ್ರದ ಈ ಮಾತು ಗ್ರಂಥದಲ್ಲಿಯೇ ಉಳಿದುದಲ್ಲ. ನಮ್ಮ ದಾನಶಾಸನಗಳು ಭೂಮಿಯನ್ನು ಮತ್ತರು, ಕಮ್ಮಗಳಲ್ಲಿ ಅಳೆದು, ಮೂಡಣ, ತೆಂಕಣ, ಪಡುವಣ, ಬಡಗಣ ಎಲ್ಲೆಗಳನ್ನು ಕೆರೆ, ಮರ, ಹಳ್ಳ, ನಟ್ಟ ಕಲ್ಲುಗಳಿಂದ ಹೇಳುತ್ತವೆ. ಹೊಲಗಳಲ್ಲಿ ಇಂದಿಗೂ ಕಾಣಸಿಗುವ ಲಿಂಗಮುದ್ರೆಯ ಕಲ್ಲು, ವಾಮನಮುದ್ರೆಯ ಕಲ್ಲುಗಳು ಇಂತಹ ಸೀಮೆಗಳ ಸಾಕ್ಷಿಗಳೇ ಆಗಿವೆ.

ಇನ್ನು ಭೋಗದ ವಿಚಾರ. ಒಡೆಯನು ನೋಡುತ್ತಿದ್ದೂ ಸುಮ್ಮನಿದ್ದರೆ, ಪರನು ಇಪ್ಪತ್ತು ವರ್ಷ ಅನುಭವಿಸಿದ ಭೂಮಿಗೆ ಹಾನಿಯುಂಟೆಂದು ಯಾಜ್ಞವಲ್ಕ್ಯನು ಹೇಳಿದ್ದಾನೆ. ಆದರೆ ಹಾನಿಯಾಗುವುದು ಯಾವುದಕ್ಕೆ? ಸುಮ್ಮನಿದ್ದ ಮಾತ್ರಕ್ಕೆ ಒಡೆತನವು ಅಳಿಯದು, ಅನುಭವಿಸಿದ ಮಾತ್ರಕ್ಕೆ ಹುಟ್ಟದು ಎಂದು ವಾದಿಸಿ, ಹಾನಿಯು ಫಲಕ್ಕೆ ಮಾತ್ರ, ಭೂಮಿಗಲ್ಲ ಎಂದು ವಿಜ್ಞಾನೇಶ್ವರನು ಸಿದ್ಧಾಂತ ಮಾಡುತ್ತಾನೆ. ಅಂದರೆ ಒಡೆಯನು ನೆಲವನ್ನು ಮರಳಿ ಪಡೆಯಬಹುದು. ಕಳೆದ ವರ್ಷಗಳ ಬೆಳೆಯನ್ನು ಕೇಳಲಾರ. ಇದಕ್ಕಿಂತಲೂ ಗಮನಾರ್ಹವಾದುದು ಮುಂದಿನ ಶ್ಲೋಕ. ಅಡವು, ನಿಕ್ಷೇಪ, ಬಾಲಕರ ಧನ ಮುಂತಾದವುಗಳೊಡನೆ ಸೀಮೆಯನ್ನೂ ಅದು ಈ ನಿಯಮದಿಂದ ಹೊರಗಿಡುತ್ತದೆ. ಹೊಟ್ಟು, ಇದ್ದಿಲುಗಳ ಗುರುತಿನಿಂದ ಎಲ್ಲೆಯನ್ನು ಎಂದಾದರೂ ಸುಲಭವಾಗಿ ಸಾಧಿಸಬಹುದಾದ್ದರಿಂದ ಒಡೆಯನು ಉಪೇಕ್ಷೆ ಮಾಡುವುದು ಸಹಜವೆಂಬುದು ವ್ಯಾಖ್ಯಾನಕಾರನು ಕೊಡುವ ಕಾರಣ. ಆದುದರಿಂದ ಆ ಉಪೇಕ್ಷೆಯು ಹಕ್ಕನ್ನು ಬಿಟ್ಟುಕೊಟ್ಟುದಕ್ಕೆ ಪ್ರಮಾಣವಾಗುವುದಿಲ್ಲ.

ಬ್ರಿಟಿಷರ ಕಾಲದಲ್ಲಿ ಎರಡು ಬದಲಾವಣೆಗಳಾದವು. ಮೊದಲನೆಯದು ಮೋಜಣಿ. ಮುಂಬಯಿ ಪದ್ಧತಿಯ ಕಂದಾಯ ಮೋಜಣಿಯು ಮೈಸೂರು ಸಂಸ್ಥಾನದಲ್ಲಿ 1863ರಲ್ಲಿ ಆರಂಭವಾಯಿತು. ಪ್ರತಿಯೊಂದು ಹೊಲಕ್ಕೂ ಸರ್ವೆ ನಂಬರು, ಕಲ್ಲು, ಟಿಪ್ಪಣಿ ದೊರೆತವು. ನೆರೆಯವರ ನೆನಪಿದ್ದ ಸ್ಥಾನಕ್ಕೆ ಅಳತೆಯು ಬಂದಿತು. ಎರಡನೆಯದು ಕಾಲಮಿತಿಯ ಕಾನೂನು. 1859ರ ಅಧಿನಿಯಮವು ಸ್ಥಿರಾಸ್ತಿಯ ದಾವೆಗಳಿಗೆ 12 ವರ್ಷಗಳ ಅವಧಿಯನ್ನು ಗೊತ್ತುಮಾಡಿತು. ಅದೇ ಅವಧಿಯು 1908ರ ಮತ್ತು 1963ರ ಅಧಿನಿಯಮಗಳಲ್ಲಿಯೂ ಮುಂದುವರಿದಿದೆ. ಅವಧಿ ಕಳೆದರೆ ಫಲವಷ್ಟೇ ಅಲ್ಲ, ಹಕ್ಕೇ ನಶಿಸುತ್ತದೆ. ಸೀಮೆಗೆ ಪ್ರತ್ಯೇಕ ವಿನಾಯಿತಿಯಿಲ್ಲ.

ಇಂದು ಒತ್ತುವರಿಯ ದಾವೆಯಲ್ಲಿ ನ್ಯಾಯಾಲಯವು ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೆಯ ಆದೇಶದಂತೆ ಕಮಿಷನರನ್ನು ನೇಮಿಸಬಹುದು. ಆತನು ಭೂಮಾಪಕನ ನೆರವಿನಿಂದ ಟಿಪ್ಪಣಿಯಂತೆ ಅಳೆದು ವರದಿ ಮಾಡುತ್ತಾನೆ. ಆ ವರದಿಯು ಸಾಕ್ಷ್ಯವೇ ಹೊರತು ತೀರ್ಪಲ್ಲ. ನಕ್ಷೆಯು ಗೆರೆಯನ್ನು ತೋರಿಸಬಲ್ಲದು. ಗೆರೆಯಾಚೆಯ ನೆಲವನ್ನು ಯಾರು, ಎಂದಿನಿಂದ, ಯಾವ ಭಾವದಿಂದ ಅನುಭವಿಸಿದರೆಂಬುದನ್ನು ಹೇಳಲಾರದು. ಅದಕ್ಕೆ ಮತ್ತೆ ನೆರೆಹೊಲದವನೇ ಸಾಕ್ಷಿಕಟ್ಟೆಯನ್ನು ಏರಬೇಕು. ಅಳತೆಗೂ ಮಿತಿಯುಂಟು. ಮೋಜಣಿಯ 33 ಅಡಿಯ ಸರಪಳಿಯು 16 ಆಣೆಗಳಾಗಿ ಭಾಗವಾಗಿತ್ತು; ಒಂದು ಆಣೆಯೆಂದರೆ ಎರಡು ಅಡಿಗಿಂತ ತುಸು ಹೆಚ್ಚು. ನೇಗಿಲ ಒಂದು ಸಾಲಿನಷ್ಟು ಸರಿದ ಬದುವನ್ನು ಅಂತಹ ದಾಖಲೆಯಿಂದ ನಿರ್ಣಯಿಸುವುದು ಎಷ್ಟು ಕಷ್ಟವೆಂಬುದು ಇದರಿಂದ ವಿದಿತವಾಗುತ್ತದೆ.

ನೂತನ ಶಾಸನವು ಒಡೆಯನನ್ನು ಸಂಪೂರ್ಣವಾಗಿ ಕೈಬಿಟ್ಟಿದೆಯೆಂದು ಹೇಳುವುದು ನ್ಯಾಯವಲ್ಲ. 1908ರ ಅಧಿನಿಯಮದಂತೆ, ನೆಲವನ್ನು ಕಳೆದುಕೊಂಡ ಒಡೆಯನು ತಾನು 12 ವರ್ಷಗಳೊಳಗೆ ಸ್ವಾಧೀನದಲ್ಲಿದ್ದುದನ್ನು ತಾನೇ ರುಜುವಾತುಪಡಿಸಬೇಕಾಗಿತ್ತು. 1963ರ ಅಧಿನಿಯಮವು ಈ ಭಾರವನ್ನು ತಿರುಗಿಸಿತು. ಒಡೆತನವನ್ನು ತೋರಿಸಿದರೆ ಸಾಕು. ಪ್ರತಿಕೂಲ ಸ್ವಾಧೀನವನ್ನು ಸಾಧಿಸುವುದು ಪ್ರತಿವಾದಿಯ ಹೊಣೆ. 2008ರಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ಕಾನೂನು ತರ್ಕಕ್ಕೆ ನಿಲ್ಲದೆಂದು ಟೀಕಿಸಿ, ಅದನ್ನು ಪುನಃ ಪರಿಶೀಲಿಸುವಂತೆ ಸರಕಾರಕ್ಕೆ ಸೂಚಿಸಿತು. ಆದರೆ 2023ರ ತನ್ನ 280ನೆಯ ವರದಿಯಲ್ಲಿ ಕಾನೂನು ಆಯೋಗವು ಬದಲಾವಣೆ ಅನಾವಶ್ಯಕವೆಂದು ಅಭಿಪ್ರಾಯಪಟ್ಟಿತು.

ವ್ಯಾಜ್ಯಗಳಿಗೆ ಒಂದು ಕೊನೆಯಿರಬೇಕೆಂಬ ಕಾಲಮಿತಿಯ ತತ್ತ್ವವನ್ನು ನಾವು ಅಲ್ಲಗಳೆಯುವುದಿಲ್ಲ. ಇಡೀ ಹೊಲವೇ ಪರರ ಪಾಲಾದುದನ್ನು ಹನ್ನೆರಡು ವರ್ಷ ನೋಡಿ ಸುಮ್ಮನಿದ್ದವನ ಮೌನಕ್ಕೆ ಅರ್ಥವಿದೆ. ಆದರೆ ವರ್ಷಕ್ಕೊಂದು ಗೇಣಿನಂತೆ ಸರಿಯುವ ಬದುವು ಒಡೆಯನ ಕಣ್ಣಿಗೆ ಬೀಳುವುದೇ ಇಲ್ಲ. ಅರಿಯದವನ ಮೌನವು ಒಪ್ಪಿಗೆಯಾಗಲಾರದು. ಹೊಲದ ಅಪಹಾರವನ್ನೂ ಸೀಮೆಯ ಒತ್ತುವರಿಯನ್ನೂ ಬೇರ್ಪಡಿಸಿದ ಮಿತಾಕ್ಷರೆಯ ವಿವೇಕವು ಇಲ್ಲಿಯೇ ಇದೆ. ಒಂದೆರಡು ಗುಂಟೆಯನ್ನೇ ನೆಚ್ಚಿದ ಸಣ್ಣ ಹಿಡುವಳಿದಾರನಿಗೆ ಈ ಭೇದವು ಕೇವಲ ಶಾಸ್ತ್ರಚರ್ಚೆಯಲ್ಲ. ನಮ್ಮ ಕಾನೂನಿನ ಚರಿತ್ರೆಯನ್ನು ಅಭ್ಯಾಸ ಮಾಡುವವರು ಇದನ್ನು ಇನ್ನಷ್ಟು ಆಳವಾಗಿ ವಿಚಾರಿಸುವುದು ಉಚಿತವೆಂದು ನಾವು ಭಾವಿಸುತ್ತೇವೆ.